ಹೂದಾನಿಯ ಕಡೆಗೆ ಮುಖ ಮಾಡಿ

ಹೋದ ವರ್ಷ ಅಕ್ಟೋಬರ್ ತಿಂಗಳ ಕೊನೆಯ ಶನಿವಾರ ಮಧ್ಯಾಹ್ನ, ಟೆಕ್ಸಾಸಿನ ಪ್ಲೇನೋ ಊರಿನ ಒಂದು ಸಭಾಂಗಣದಲ್ಲಿ, ಪಕ್ಕದ ಊರು ಮರ್ಫಿಯ ಗಿರೀಶ ಮತ್ತು ವಸುಧಾ ಅವರನ್ನು ನಮ್ಮ ಕನ್ನಡ ಬಳಗದವರು ಆ ವರ್ಷದ ಆದರ್ಶ ದಂಪತಿ ಎಂದು ಸನ್ಮಾನಿಸಿದರು. ಗಿರೀಶರಿಗೆ ಪೇಟ, ವಸುಧಾಗೆ ರೇಷ್ಮೆ ಶಾಲು, ಇಬ್ಬರಿಗೂ ಸೇರಿ ಒಂದು ಹಣ್ಣಿನ ಬುಟ್ಟಿ. ವೇದಿಕೆಯ ಮೇಲೆ ಅವರು ಹಾರ ಬದಲಾಯಿಸಿಕೊಂಡರು. ಸಭಿಕರು ಎದ್ದು ನಿಂತು ಚಪ್ಪಾಳೆ ತಟ್ಟಿದರು.

ಬಳಗದ ಪತ್ರಿಕೆಯಲ್ಲಿ ಇಷ್ಟನ್ನೇ ನಾನು ಒಂದು ಫೋಟೋದ ಜೊತೆ ಅಚ್ಚು ಹಾಕಿಸಿದೆ. ಅದರಲ್ಲಿ ಒಂದಕ್ಷರವೂ ಸುಳ್ಳಿರಲಿಲ್ಲ. ಮದುವೆಯಾಗಿ ಇಲ್ಲಿಗೆ ಬರುವ ಮುಂಚೆ ಬೆಂಗಳೂರಿನ ಒಂದು ದಿನಪತ್ರಿಕೆಯ ಸುದ್ದಿಮೇಜಿನಲ್ಲಿ ಕೂತು ನಾನು ಕಲಿತ ವಿದ್ಯೆಯೇ ಅದು: ಸುಳ್ಳು ಬರೆಯದೆ, ನಿಜದ ಬಹುಪಾಲನ್ನು ಸ್ಥಳಾಭಾವದಿಂದ ಬಿಟ್ಟುಬಿಡುವುದು. ಈಗ ನನಗೆ ಸ್ಥಳ ಬೇಕಾದಷ್ಟಿದೆ. ನಿಮಗೂ ಅವಸರವಿಲ್ಲ ಎಂದುಕೊಂಡಿದ್ದೇನೆ.

ಇದೆಲ್ಲ ಈಗ ನೆನಪಾಗಲು ಕಾರಣ ನನ್ನ ಬರೆಯುವ ಮೇಜಿನ ಮೇಲಿರುವ ಒಂದು ಹೂದಾನಿ. ಹಿತ್ತಾಳೆಯದು. ಕತ್ತು ಉದ್ದ, ಬಾಯಿಯ ಒಂದು ಕಡೆ ಚಿಕ್ಕ ತಗ್ಗು. ಅದು ನನ್ನದಲ್ಲ. ಯಾರೂ ಅದರಲ್ಲಿ ಹೂವಿಟ್ಟದ್ದನ್ನು ನಾನು ಕಂಡಿಲ್ಲ. ಸದ್ಯಕ್ಕೆ ಎರಡು ಪೆನ್ನು, ಒಂದು ಕತ್ತರಿ, ಮುರಿದ ಕನ್ನಡಕದ ಒಂದು ಕಡ್ಡಿ ಅದರಲ್ಲಿವೆ.

"ಇದನ್ನ ಯಾಕೆ ಇಲ್ಲಿ ಇಟ್ಕೊಂಡಿದೀಯ? ಗ್ಯಾರೇಜಿಗೆ ಹಾಕು" ಎನ್ನುತ್ತಾರೆ ನಮ್ಮವರು.

ಅವರು ನಾವಿರುವ ಅಲೆನ್‌ನಿಂದ ಪ್ಲೇನೋಗೆ ದಿನವೂ ಕಾರಿನಲ್ಲಿ ಹೋಗಿ ಬರುವ ಎಂಜಿನಿಯರು. ಯಾವ ವಸ್ತುವಿಗೂ ಅದರದೇ ಆದ ಜಾಗ ಇದೆಯೆಂದು ನಂಬಿದವರು. ಟೆಕ್ಸಾಸಿನಲ್ಲಿ ಗ್ಯಾರೇಜು ಎಂದರೆ ತೀರ್ಮಾನಗಳನ್ನು ಮುಂದಕ್ಕೆ ಹಾಕುವ ಜಾಗ. ಕಾರು ಹೊರಗೆ ಬಿಸಿಲಲ್ಲಿ ನಿಂತಿರುತ್ತದೆ. ಒಳಗೆ ಇಟ್ಟುಕೊಳ್ಳಲೂ ಆಗದ, ಎಸೆಯಲೂ ಆಗದ ಸಾಮಾನುಗಳು ತಣ್ಣಗಿರುತ್ತವೆ. ಹೂದಾನಿಯನ್ನು ಅಲ್ಲಿ ಇಡಲು ನನಗೆ ಮನಸ್ಸು ಬರಲಿಲ್ಲ.

ಮೊದಲು ಸಿನಿಮಾದ ವಿಷಯ ಹೇಳಬೇಕು.

ಗಿರೀಶ ವಸುಧಾ ಅವರ ಒಬ್ಬಳೇ ಮಗಳು ಅನಘಾ. ಕಂಪ್ಯೂಟರ್ ಓದಲೆಂದು ಆಸ್ಟಿನ್‌ಗೆ ಹೋದವಳು ಅಲ್ಲಿ ಹಳೆಯ ಸಿನಿಮಾಗಳ ಬಗ್ಗೆ ಒಂದು ಕ್ಲಾಸು ತೆಗೆದುಕೊಂಡಳು. ಹೋದ ವರ್ಷ ಬೇಸಿಗೆ ರಜೆಯಲ್ಲಿ ನಮ್ಮ ಮನೆಗೆ ಬಂದು, ಚಹಾ ಕುಡಿಯುತ್ತಾ, ತನ್ನ ಲ್ಯಾಪ್‌ಟಾಪಿನಲ್ಲಿ ಒಂದು ಇಂಗ್ಲಿಷ್ ಕಿರುಚಿತ್ರ ತೋರಿಸಿದಳು. ಸಿನಿಮಾ ಮಾತು ಕಲಿತ ಹೊಸದರಲ್ಲಿ ತೆಗೆದದ್ದು. ಹೆಸರು ಹೇಳುವುದಿಲ್ಲ. ಹೇಳಿದರೆ ಹುಡುಕಿ ನೋಡುತ್ತೀರಿ, ನೋಡಿದರೆ ನಿರಾಶರಾಗುತ್ತೀರಿ.

ಕತೆ ಇಷ್ಟು. ದೊಡ್ಡ ಮನೆ. ಮನೆಯಲ್ಲಿ ಗಂಡ, ಹೆಂಡತಿ ಮತ್ತು ಮೆಟ್ಟಿಲ ಕೆಳಗಿನ ಗೂಡಿನಲ್ಲಿ ಒಂದು ದೆವ್ವ. ದೆವ್ವಕ್ಕೆ ಇವರನ್ನು ಹೆದರಿಸಿ ಓಡಿಸಬೇಕು. ಆದರೆ ಇವರಿಗೆ ಹೆದರಲು ಪುರಸೊತ್ತಿಲ್ಲ, ಜಗಳ ನಡೆಯುತ್ತಿದೆ. ದೆವ್ವ ಸರಪಳಿ ಎಳೆದರೆ ಹೆಂಡತಿ, "ಆ ಮನುಷ್ಯನಿಗೆ ಹೇಳು, ಅವನ ಬೂಟಿಗಿಂತ ನಿನ್ನ ಸರಪಳಿಯ ಸದ್ದೇ ಕಡಿಮೆ" ಎನ್ನುತ್ತಾಳೆ. ಬೀರುವಿನಿಂದ ಅಸ್ಥಿಪಂಜರ ಬಿದ್ದರೆ, ರತ್ನಗಂಬಳಿಯ ಮೇಲೆ ಧೂಳು ಮಾಡಿತೆಂದು ಅದಕ್ಕೇ ಬೈಯುತ್ತಾಳೆ. ಗಂಡ ಅಂಗಳದಿಂದ, ಹೆಂಡತಿ ಅಡುಗೆಮನೆಯಿಂದ ದೆವ್ವದ ಕೈಯಲ್ಲೇ ಮಾತು ಹೇಳಿ ಕಳಿಸತೊಡಗುತ್ತಾರೆ. ಅವಳಿಗೆ ಹೇಳು, ಅವನಿಗೆ ಹೇಳು. ಓಡಾಡಿ ಓಡಾಡಿ ದೆವ್ವದ ಬಿಳಿ ಬಟ್ಟೆ ಬಾಗಿಲಿಗೆ ಸಿಕ್ಕಿ ಹರಿಯುತ್ತದೆ. ಕೊನೆಗೆ ಅದು ಟ್ರಂಕು ಕಟ್ಟಿಕೊಂಡು ಮನೆ ಬಿಟ್ಟು ಹೋಗುತ್ತದೆ.

ನಾನು ನಕ್ಕೆ. ಅನಘಾ ನಗಲಿಲ್ಲ.

"ಆಂಟಿ, ಆ ಹೂದಾನಿ ನೋಡಿ" ಎಂದಳು. "ಮೈಕ್ ಅದರೊಳಗೆ ಇಟ್ಟಿದಾರೆ. ಆಗಿನ ಮೈಕ್‌ಗೆ ದೂರದ್ದು ಕೇಳಿಸ್ತಿರ್ಲಿಲ್ಲ. ಅದಕ್ಕೇ ಎಲ್ಲರೂ ಅದರ ಹತ್ರಾನೇ ಬಂದು ಮಾತಾಡ್ತಾರೆ. ದೇ ಆರ್ ನಾಟ್ ಲುಕಿಂಗ್ ಅಟ್ ಈಚ್ ಅದರ್. ಅಟ್ ಆಲ್."

ಮತ್ತೆ ನೋಡಿದೆ. ನಿಜ. ಗಂಡ ಹೆಂಡತಿಗೆ ಬೈಯುವುದು ಹೂದಾನಿಗೆ ಮುಖ ಮಾಡಿ. ಹೆಂಡತಿ ಅಳುವುದು ಹೂದಾನಿಯ ಮೇಲೆ ಬಾಗಿ. ದೆವ್ವ ಕೂಡ ಹೆದರಿಸುವ ಮುಂಚೆ ಒಂದು ಹೆಜ್ಜೆ ಹೂದಾನಿಯ ಕಡೆ ಬರುತ್ತದೆ. ದೆವ್ವ ಹೋದ ಮೇಲೆ ಕಡೆಯದೊಂದು ದೃಶ್ಯವಿದೆ. ಗಂಡ ಹೆಂಡತಿ ಇಬ್ಬರೂ ಹೂದಾನಿಯಿಂದ ದೂರ, ಕಿಟಕಿಯ ಬಳಿ, ಮೊದಲ ಸಲ ಮುಖಕ್ಕೆ ಮುಖ ಕೊಟ್ಟು ನಿಲ್ಲುತ್ತಾರೆ. ತುಟಿಗಳು ಅಲ್ಲಾಡುತ್ತವೆ. ಮೈಕು ದೂರ. ಬರೀ ಸುಯ್ ಎನ್ನುವ ಸದ್ದು. ಏನು ಮಾತಾಡಿದರೋ ಇವತ್ತಿನವರೆಗೂ ಯಾರಿಗೂ ಗೊತ್ತಿಲ್ಲ.

"ನಮ್ಮನೇಲಿ ಹೂದಾನಿ ಯಾರು ಗೊತ್ತಾ?" ಎಂದು ತನ್ನ ಫೋನು ನನ್ನ ಕೈಗೆ ಕೊಟ್ಟಳು.

ಅವಳ ಅಮ್ಮನ ಸಂದೇಶ: "ನಿಮ್ಮಪ್ಪನಿಗೆ ಹೇಳು, ಸ್ಪ್ರಿಂಕ್ಲರ್ ಆಫ್ ಮಾಡ್ಲಿ, ಪಕ್ಕದ ಮನೆಯವರ ಕಾರಿಗೆ ಸ್ನಾನ ಆಗ್ತಿದೆ." ಅದರ ಕೆಳಗೆ ಅಪ್ಪನದು: "ನಿಮ್ಮಮ್ಮಗ ಹೇಳು, ಸ್ವಿಚ್ ಅಡಿಗಿಮನಿ ಬಾಜೂನ ಅದ, ಅವರ ಕೈಗೆ ಮೆಹಂದಿ ಹಚ್ಚಿಲ್ಲ." ಹೀಗೆ ಬೆರಳು ಮೇಲಕ್ಕೆ ಸರಿಸಿದಷ್ಟೂ ಇತ್ತು. ವಸುಧಾ ಮರ್ಫಿಯ ಅಡುಗೆಮನೆಯಿಂದ ಬರೆದ ಮಾತು ಇನ್ನೂರು ಮೈಲಿ ದಕ್ಷಿಣಕ್ಕೆ ಆಸ್ಟಿನ್‌ಗೆ ಹೋಗಿ, ಕ್ಲಾಸಿನಲ್ಲಿ ಕೂತ ಮಗಳ ಜೇಬಿನಲ್ಲಿ ಗುಂಯ್‌ಗುಟ್ಟಿ, ಮತ್ತೆ ಇನ್ನೂರು ಮೈಲಿ ಉತ್ತರಕ್ಕೆ ಬಂದು, ಅದೇ ಮನೆಯ ಮಹಡಿಯ ಮೇಲಿದ್ದ ಗಿರೀಶರನ್ನು ತಲುಪುತ್ತಿತ್ತು. ನಡುವೆ ಇದ್ದದ್ದು ಒಂದು ಮೆಟ್ಟಿಲ ಸಾಲು.

"ಯಾವಾಗಿಂದ?" ಎಂದೆ. ಹಳೆಯ ವೃತ್ತಿಯ ಮೊದಲ ಪ್ರಶ್ನೆ ಬಾಯಿಗೆ ತಾನಾಗಿ ಬಂತು.

"ನಾನು ಹೈಸ್ಕೂಲ್‌ನಲ್ಲಿದ್ದಾಗಿಂದ. ಆಗ ಡೈನಿಂಗ್ ಟೇಬಲ್‌ನಲ್ಲಿ ನಾನು ಮಧ್ಯ ಕೂರ್ತಿದ್ದೆ. ಈಗ ರಿಮೋಟ್ ಜಾಬ್."

ಜಗಳಕ್ಕೆ ಕಾರಣವೇನೆಂದು ಅವಳಿಗೂ ಗೊತ್ತಿರಲಿಲ್ಲ. ನನಗೆ ಈಗಲೂ ಗೊತ್ತಿಲ್ಲ. ಗೊತ್ತಿಲ್ಲದ್ದನ್ನು ಬರೆಯುವುದಿಲ್ಲ.

ನೀವು ಕೇಳಬಹುದು: ಇಷ್ಟು ವರ್ಷ ಬಳಗದಲ್ಲಿ ಯಾರಿಗೂ ಗೊತ್ತಾಗಲಿಲ್ಲವೇ ಎಂದು. ನಮ್ಮ ಕೂಟಗಳನ್ನು ನೋಡಿದವರು ಹೀಗೆ ಕೇಳುವುದಿಲ್ಲ. ಬಾಗಿಲಲ್ಲಿ ಚಪ್ಪಲಿ ಬಿಟ್ಟ ಕೂಡಲೇ ಗಂಡಸರು ಹಿತ್ತಲಿನ ಗ್ರಿಲ್ ಒಲೆಯ ಸುತ್ತ ಸೇರಿ ಲೇಆಫ್, ಗ್ರೀನ್ ಕಾರ್ಡ್ ಎನ್ನುತ್ತಾರೆ. ಹೆಂಗಸರು ಅಡುಗೆಮನೆಯಲ್ಲಿ ತಟ್ಟೆಗಳ ಮೇಲಿನ ಫಾಯಿಲ್ ಬಿಚ್ಚುತ್ತಾ ನಿಲ್ಲುತ್ತಾರೆ. ಮಕ್ಕಳು ಮಹಡಿಗೆ. ಮತ್ತೆ ಗಂಡಹೆಂಡಿರು ಒಟ್ಟಿಗೆ ಕಾಣುವುದು ಹೊರಡುವಾಗ ಚಪ್ಪಲಿ ಹುಡುಕುವ ಹೊತ್ತಿಗೆ. ನಮ್ಮಲ್ಲಿ ಒಂದು ಜೋಡಿ ಹತ್ತು ವರ್ಷ ಮಾತು ಬಿಟ್ಟಿದ್ದರೂ ಯಾರ ಕಣ್ಣಿಗೂ ಬೀಳುವುದಿಲ್ಲ. ಗಿರೀಶ ವಸುಧಾ ಪ್ರತಿ ಕಾರ್ಯಕ್ರಮಕ್ಕೂ ಒಂದೇ ಕಾರಿನಲ್ಲಿ ಬರುತ್ತಿದ್ದರು, ಹೊತ್ತಿಗೆ ಸರಿಯಾಗಿ ಬರುತ್ತಿದ್ದರು, ಯಾರೆದುರೂ ಜಗಳವಾಡುತ್ತಿರಲಿಲ್ಲ. ಆದರ್ಶ ದಂಪತಿಗೆ ಸಮಿತಿಯವರು ಇಟ್ಟುಕೊಂಡಿದ್ದ ಅಳತೆಗೋಲೂ ಹೆಚ್ಚುಕಡಿಮೆ ಇಷ್ಟೇ.

ಅನಘಾಳ ಫೋನು ನೋಡುವಾಗ ನನಗೆ ನೆನಪಾದದ್ದು ದಾವಣಗೆರೆಯ ನಮ್ಮ ಮನೆ. ಅಪ್ಪ ಹತ್ತಿಗಿರಣಿಯ ಆಫೀಸಿನಲ್ಲಿದ್ದರು. ಅಪ್ಪ ಅಮ್ಮನಿಗೆ ವರ್ಷಕ್ಕೆ ನಾಲ್ಕೈದು ಸಲವಾದರೂ ಮಾತು ನಿಲ್ಲುತ್ತಿತ್ತು. ಆಗ ಅಜ್ಜಿ ನಡುಮನೆಗೂ ಅಡುಗೆಮನೆಗೂ ನಡುವಿನ ಹೊಸ್ತಿಲ ಬಳಿ ಮೊರ ಇಟ್ಟುಕೊಂಡು ಅಕ್ಕಿ ಆರಿಸಲು ಕೂರುತ್ತಿದ್ದಳು. ಅಕ್ಕಿಯಲ್ಲಿ ಕಲ್ಲಿಲ್ಲದ ದಿನವೂ ಕೂರುತ್ತಿದ್ದಳು.

"ಅವ್ವಾ, ಕೇಳು ಅವಳನ್ನ. ಇದು ಸಾರೋ, ಕೈ ತೊಳೆಯೋಕೆ ಕಾಯಿಸಿದ ನೀರೋ ಅಂತ" ಎನ್ನುತ್ತಿದ್ದರು ಅಪ್ಪ.

ಅಜ್ಜಿ ಅಡುಗೆಮನೆಯ ಕಡೆ ತಿರುಗಿ, "ಸುಶೀಲಾ, ಒಂಚೂರು ಉಪ್ಪು ಬೇಕಂತಮ್ಮ."

ಅಮ್ಮ ಒಳಗಿನಿಂದ, "ನಾಲಿಗೆ ಸತ್ತೋರಿಗೆ ಉಪ್ಪಿನ ಮೂಟೆ ಸುರಿದ್ರೂ ಅಷ್ಟೆ ಅಂತ ಹೇಳಿ ಅತ್ತೆ."

ಅಜ್ಜಿ ನಡುಮನೆಯ ಕಡೆ ತಿರುಗಿ, "ತರ್ತಾಳಂತೆ ಕಣಪ್ಪ."

ನಾನು ಕಂಡ ಮೊದಲ ಉಪಸಂಪಾದಕಿ ಅವಳು. ಎರಡೂ ಕಡೆಯ ಮೂಲಪ್ರತಿ ಇಬ್ಬರ ಕಿವಿಗೂ ಬಿದ್ದಿರುತ್ತಿತ್ತು, ನಡುವೆ ಇದ್ದದ್ದು ಮಾರುದ್ದ ಜಾಗ. ಆದರೂ ಅವರು ಉತ್ತರ ಕೊಡುತ್ತಿದ್ದದ್ದು ಅಜ್ಜಿ ತಿದ್ದಿದ ಪ್ರತಿಗೆ ಮಾತ್ರ. ಉಪ್ಪು ಬರುತ್ತಿತ್ತು. ಊಟ ಮುಗಿಯುತ್ತಿತ್ತು. ನಾನು ಮಾತ್ರ ಹಿತ್ತಲ ಬಚ್ಚಲುಮನೆಯಲ್ಲಿ ಇದೆಯೆಂದು ನಂಬಿದ್ದ ದೆವ್ವವನ್ನು ನೆನೆದು, ಅದೊಂದು ಸಲ ಹೊರಗೆ ಬಂದರೆ ಇವರು ಹೆದರಿ ಒಬ್ಬರನ್ನೊಬ್ಬರು ಹಿಡಿದುಕೊಳ್ಳುತ್ತಾರೆ ಎಂದು ಯೋಚಿಸುತ್ತಿದ್ದೆ. ದೆವ್ವದ ಮೇಲೆ ನನಗೆ ಅಷ್ಟು ಭರವಸೆ.

ಅಜ್ಜಿ ತೀರಿಕೊಂಡ ಮೇಲೆ ಅಪ್ಪ ಅಮ್ಮ ನೇರವಾಗಿ ಮಾತಾಡಬೇಕಾಯಿತು. ಮೊದಲು ಉಪ್ಪು, ಆಮೇಲೆ ಸೊಪ್ಪು, ಆಮೇಲೆ ಎಲ್ಲವನ್ನೂ. ಕೊನೆಗಾಲದಲ್ಲಂತೂ ಅವರ ಮಾತಿನ ನಡುವೆ ನಮಗೆ ಬಾಯಿ ಹಾಕಲು ಜಾಗವಿರುತ್ತಿರಲಿಲ್ಲ. ಹಾಗಾಗಿ ನನಗೊಂದು ಸಿದ್ಧಾಂತವಿತ್ತು. ನಡುವೆ ಕೂತವರು ಎದ್ದುಹೋದರೆ ಉಳಿದಿಬ್ಬರೂ ಮಾತಾಡಿಯೇ ಆಡುತ್ತಾರೆ. ಆ ಮಧ್ಯಾಹ್ನ ಅಜ್ಜಿಯ ಕತೆಯ ಜೊತೆ ಅದನ್ನು ಅನಘಾಗೂ ಹೇಳಿದೆ. ಮಾತಾಡಿದರೆ ಏನು ಮಾತಾಡುತ್ತಾರೆ ಎನ್ನುವ ಬಗ್ಗೆ ನನ್ನ ಸಿದ್ಧಾಂತದಲ್ಲಿ ಏನೂ ಇರಲಿಲ್ಲ.

ಅವಳು ಚಹಾ ಲೋಟ ಕೆಳಗಿಟ್ಟು, "ಆಂಟಿ, ಮೊದಮೊದ್ಲು ನಾನೂ ನಿಮ್ಮಜ್ಜಿ ಥರ ಎಡಿಟ್ ಮಾಡ್ತಿದ್ದೆ. ಪ್ಲೀಸ್ ಸೇರಿಸ್ತಿದ್ದೆ. ಸ್ಮೈಲಿ ಹಾಕ್ತಿದ್ದೆ. ಈಗ ಸುಮ್ನೆ ಫಾರ್ವರ್ಡ್. ನನ್ ಕೈಲಿ ಆಗಲ್ಲ" ಎಂದಳು. ಆಮೇಲೆ ತನ್ನ ಯೋಜನೆ ಹೇಳಿದಳು.

ಯೋಜನೆ ಸರಳವಾಗಿತ್ತು. ಬಳಗದ ದೀಪಾವಳಿ ಕಾರ್ಯಕ್ರಮ ಅಕ್ಟೋಬರ್ ಕೊನೆಗೆ, ಇಲ್ಲಿನ ಮಕ್ಕಳು ದೆವ್ವದ ವೇಷ ಹಾಕುವ ಹ್ಯಾಲೋವೀನ್ ಜೊತೆಜೊತೆಗೇ ಬೀಳುತ್ತದೆ. ಮಕ್ಕಳಿಗೆ ದೆವ್ವದ ಸಿನಿಮಾ ತೋರಿಸಿದ ಹಾಗೂ ಆಯಿತು, ಕನ್ನಡ ಕೇಳಿಸಿದ ಹಾಗೂ ಆಯಿತು. ಚಿತ್ರದ ಸದ್ದು ಅಡಗಿಸಿ, ಪರದೆಯ ಪಕ್ಕ ಕೂತು ಮೂವರು ಕನ್ನಡದಲ್ಲಿ ಮಾತು ಕೊಡುವುದು. ಸಂಭಾಷಣೆ ಬರೆಯುವುದು ನಾನು. ಗಂಡ ಗಿರೀಶ, ಹೆಂಡತಿ ವಸುಧಾ. ಕೊನೆಯ ದೃಶ್ಯ, ಆ ಕಿಟಕಿಯ ದೃಶ್ಯ, ಬರಿದಾಗಿ ಬಿಡುವುದು.

"ಅಲ್ಲಿ ನೀವು ಏನೂ ಬರೀಬೇಡಿ. ಅವ್ರೇ ಏನಾದ್ರೂ ಹೇಳ್ಲಿ. ಎನಿಥಿಂಗ್. 'ಊಟ ಆಯ್ತಾ' ಅಂದ್ರೂ ಸಾಕು. ಒಂದ್ಸಲ ಡೈರೆಕ್ಟ್ ಆಗಿ ಹೇಳ್ಲಿ. ಒಂದ್ಸಲ ಶುರುವಾದ್ರೆ ನಾನು ಔಟ್."

ದೆವ್ವದ ದನಿ ಯಾರದೆಂದು ಕೇಳಿದೆ. ಅನಘಾ ನನ್ನ ಮುಖ ನೋಡಿದಳು. ಡೆಸ್ಕಿನಲ್ಲಿ ಫೋನಿಗೆ ಕೂಗಿ ಕೂಗಿ ನನ್ನ ಗಂಟಲು ಒರಟಾಗಿದೆ. ಒಳಗಿನಿಂದ ನಮ್ಮವರು, "ಇವಳಿಗೆ ಮೇಕಪ್ಪೂ ಬೇಕಾಗಲ್ಲ ಬಿಡು" ಎಂದರು.

ಅವಳ ತಂದೆ ತಾಯಿ ಒಪ್ಪಿದ್ದು ನನಗೆ ಆಶ್ಚರ್ಯ. ಮಗಳ ಕ್ಲಾಸಿನ ಕೆಲಸ ಎಂದ ಮೇಲೆ ಒಪ್ಪದಿರಲು ಇಬ್ಬರಿಗೂ ದಾರಿಯಿರಲಿಲ್ಲ.

ಮರ್ಫಿಯ ಅವರ ಮನೆಯಲ್ಲಿ ಭಾನುವಾರಗಳಂದು ತಾಲೀಮು ನಡೆಯಿತು. ಡೈನಿಂಗ್ ಟೇಬಲ್ಲಿನ ಒಂದು ತುದಿಗೆ ಗಿರೀಶ, ಇನ್ನೊಂದು ತುದಿಗೆ ವಸುಧಾ, ನಡುವೆ ನಾನು. ಟೇಬಲ್ಲಿನ ಮೇಲೆ ವಸುಧಾರ ತವರು ಮೈಸೂರಿನಿಂದ ಮದುವೆಯ ಉಡುಗೊರೆಯಾಗಿ ಬಂದಿದ್ದ ಹಿತ್ತಾಳೆ ಹೂದಾನಿ. ಆಸ್ಟಿನ್‌ನಿಂದ ಡ್ರೈವ್ ಮಾಡಿಕೊಂಡು ಬಂದಿದ್ದ ಅನಘಾ, ರೆಕಾರ್ಡ್ ಮಾಡಲು ತನ್ನ ಫೋನನ್ನು ಅದರ ಬಾಯಿಗೆ ಸಿಕ್ಕಿಸಿದಳು. ತಮಾಷೆಗೆ ಮಾಡಿದ್ದು. ಯಾರೂ ಹೇಳದೆಯೇ ಇಬ್ಬರೂ ಅದರ ಕಡೆಗೆ ಮುಖ ಮಾಡಿ ಕೂತರು.

ಮೊದಲ ದಿನವೇ ಗಿರೀಶ ನನ್ನ ಸಂಭಾಷಣೆಯನ್ನು ಪಕ್ಕಕ್ಕಿಟ್ಟರು. ಅವರು ಧಾರವಾಡದವರು.

"ಮೇಡಂ, ನೀವು ಬರದಿದ್ದು ಮೈಸೂರ್ ಕಡೆ ಗಂಡಂದಾತು. ನಮ್ಮ ಕಡೆ ಗಂಡ ಹಿಂಗ ಬೈಯೂದಿಲ್ರಿ."

ವಸುಧಾ ನನ್ನ ಕಡೆ ತಿರುಗಿ, "ಅವರಿಗೆ ಹೇಳಿ, ಆ ಕಡೆ ಗಂಡ ಹೇಗೆ ಬೈತಾನೆ ಅಂತ ನನಗೆ ಗೊತ್ತಿದೆ. ಡೆಮೊ ಬೇಡ."

"ಅವರಿಗೆ ಹೇಳ್ರಿ, ಡೆಮೊ ಅಲ್ಲ. ರಿಹರ್ಸಲ್."

"ಇಷ್ಟು ವರ್ಷ ರಿಹರ್ಸಲ್ ಆದ್ಮೇಲೂ ಲೈನ್ಸ್ ಬರಲ್ವಾ ಅಂತ ಕೇಳಿ."

ನಾನು ಏನನ್ನೂ ಕೇಳಲಿಲ್ಲ, ಹೇಳಲೂ ಇಲ್ಲ. ಅದರ ಅಗತ್ಯ ಇರಲಿಲ್ಲ. ಮದುವೆಯಾದ ಹೊಸದರಲ್ಲಿ ಗಿರೀಶ ಹೆಂಡತಿಯನ್ನು ಏಕವಚನದಲ್ಲಿ ಕರೆಯುತ್ತಿದ್ದರಂತೆ. ಮಾತು ಕಡಿಮೆಯಾದಂತೆ ಗೌರವ ಹೆಚ್ಚಾಗಿ, ಈಗ 'ಅವರು' ಆಗಿದ್ದರು. ತಮ್ಮ ಆಫೀಸಿನ ವೈಸ್ ಪ್ರೆಸಿಡೆಂಟರ ಬಗ್ಗೆ ಕೂಡ ಗಿರೀಶ ಅಷ್ಟು ಮರ್ಯಾದೆಯಿಂದ ಮಾತಾಡಿದ್ದನ್ನು ನಾನು ಕೇಳಿರಲಿಲ್ಲ.

ಸಿನಿಮಾದ ಮಾತುಗಳನ್ನು ಮಾತ್ರ ಇಬ್ಬರೂ ಬಾಯಿ ಚಪ್ಪರಿಸಿಕೊಂಡು ಹೇಳಿದರು. ಅಂಥ ಜಗಳವಾಡಲು ಅವರಿಗೆ ಬಹಳ ದಿನಗಳಿಂದ ಅವಕಾಶ ಸಿಕ್ಕಿರಲಿಲ್ಲವೆಂದು ಕಾಣುತ್ತದೆ. ಅಸ್ಥಿಪಂಜರಕ್ಕೆ ಬೈಯುವ ಕಡೆ ವಸುಧಾ ನಾನು ಬರೆದದ್ದನ್ನು ಬಿಟ್ಟು, "ಬೀರು ಒಳಗೆ ನಿಂತು ನಿಂತು ಹಿಂಗಾಗಿದೀಯ, ಒಂದು ದಿನಾನಾದ್ರೂ ಬಟ್ಟೆ ಮಡಿಸಿ ಇಟ್ಟಿದೀಯಾ?" ಎಂದರು. ಗಿರೀಶರ ತುಟಿಯಂಚಿನಲ್ಲಿ ನಗೆ ಬಂದು ಹೋಯಿತು. ಅನಘಾ ಅದನ್ನು ನೋಡಿದಳು. ನಾನು ಅನಘಾಳನ್ನು ನೋಡಿದೆ. ಅವಳ ಮುಖದಲ್ಲಿ ಆ ಕ್ಷಣ ಇದ್ದದ್ದನ್ನು ನಾನು ವರದಿಗಾರ್ತಿಯಾಗಿದ್ದರೆ 'ಆಶಾಭಾವನೆ' ಎಂದು ಬರೆದು, ಸಂಪಾದಕಿಯಾಗಿ ಹೊಡೆದುಹಾಕುತ್ತಿದ್ದೆ.

ಕಿಟಕಿಯ ದೃಶ್ಯ ಬಂದಾಗ ಅನಘಾ ಹೇಳಿದಳು: "ಇಲ್ಲಿ ಸ್ಕ್ರಿಪ್ಟ್ ಇಲ್ಲ. ನೀವಿಬ್ರೂ ಒಬ್ಬರಿಗೊಬ್ಬರು ಏನಾದ್ರೂ ಹೇಳ್ಬೇಕು. ಓನ್ ವರ್ಡ್ಸ್."

ಗಿರೀಶ ಕನ್ನಡಕ ತೆಗೆದು ಒರೆಸಿದರು. ವಸುಧಾ ಖಾಲಿ ಲೋಟಗಳನ್ನು ಎತ್ತಿಕೊಂಡು ಒಳಗೆ ಹೋದರು. ಪರದೆಯ ಮೇಲೆ ತುಟಿಗಳು ಅಲ್ಲಾಡಿ ನಿಂತವು. ಪ್ರತಿ ಭಾನುವಾರವೂ ಹೀಗೇ ಆಯಿತು. "ಸ್ಟೇಜ್ ಮೇಲೆ ಹೇಳ್ತೀನಿ ಬಿಡು" ಎಂದು ವಸುಧಾ ಒಮ್ಮೆ ಮಗಳಿಗೆ ಹೇಳಿದರು. ಮಗಳು ಸಂತೋಷದಿಂದ ಆಸ್ಟಿನ್‌ಗೆ ಹೋದಳು.

ಕಾರ್ಯಕ್ರಮದ ದಿನ ಸಭಾಂಗಣದಲ್ಲಿ ಬಿಸಿಬೇಳೆಬಾತಿನ ವಾಸನೆ. ಮುಂದಿನ ಸಾಲಿನಲ್ಲಿ ಮಕ್ಕಳು. ಒಬ್ಬ ಅಸ್ಥಿಪಂಜರ, ಇಬ್ಬರು ಮಾಟಗಾತಿಯರು, ಲಂಗ ದಾವಣಿ ಹಾಕಿಕೊಂಡು ಮುಖಕ್ಕೆ ಬೆಕ್ಕಿನ ಮೀಸೆ ಬರೆಸಿಕೊಂಡ ಒಂದು ಹುಡುಗಿ. ಚಿತ್ರ ಶುರುವಾಯಿತು. ಮಕ್ಕಳು ದೆವ್ವಕ್ಕೆ ನಕ್ಕರು, ದೊಡ್ಡವರು ಜಗಳಕ್ಕೆ ನಕ್ಕರು. ಬಟ್ಟೆ ಮಡಿಸುವ ಮಾತಿಗೆ ಹೆಂಗಸರ ಕಡೆಯಿಂದ ಶಿಳ್ಳೆ ಬಂತು. ಹಿಂದಿನ ಸಾಲಿನ ಹಿರಿಯರೊಬ್ಬರು, "ಇದು ನಮ್ಮನೆ ಸಿನಿಮಾ ಕಣ್ರೀ" ಎಂದು ಕೂಗಿದರು. ಅವರ ಹೆಂಡತಿ, "ಮನೇಲಿ ಇಷ್ಟು ಮಾತಾಡಿದ್ರೆ ಸಾಕಿತ್ತು" ಎಂದರು. ಸಭೆಗೆ ಸಭೆಯೇ ಹಗುರವಾಗಿತ್ತು.

ದೆವ್ವ ಟ್ರಂಕು ಕಟ್ಟಿತು. "ಈ ಮನೇಲಿ ಹೆದರಿಕೆ ಆಗೋದು ನನಗೇ. ನಾನು ಹೊರಟೆ" ಎಂದು ನನ್ನ ಕಡೆಯ ಮಾತು ಹೇಳಿ, ಮೊದಲೇ ಗೊತ್ತು ಮಾಡಿಕೊಂಡಂತೆ ಅವರಿಬ್ಬರ ನಡುವಿನ ಕುರ್ಚಿಯಿಂದ ಎದ್ದು, ಕೆಳಗಿಳಿದು ಮಕ್ಕಳ ಪಕ್ಕ ಕೂತೆ. ವೇದಿಕೆಯ ಮೇಲೆ ಇಬ್ಬರು, ನಡುವೆ ಖಾಲಿ ಕುರ್ಚಿ. ಪರದೆಯ ಮೇಲೆ ಕಿಟಕಿ.

ವಸುಧಾ ಮೈಕು ಬಾಯಿಯ ಬಳಿ ತಂದರು. ಪರದೆಯ ಕಡೆ ನೋಡಲಿಲ್ಲ.

"ರೀ" ಎಂದರು.

ಗಿರೀಶ ತಿರುಗಿದರು.

"ನಾನೂ ಹೊರಡ್ತೀನಿ."

ಪರದೆಯ ಮೇಲೆ ಸರಿಯಾಗಿ ಅದೇ ಕ್ಷಣಕ್ಕೆ ಹೆಂಡತಿ ಬಾಗಿಲ ಕಡೆ ಕೈ ತೋರಿಸಿದಳು. ಸಭೆ ಘೊಳ್ಳೆಂದು ನಕ್ಕಿತು.

ಗಿರೀಶ ನಗು ನಿಲ್ಲುವವರೆಗೂ ಕಾದರು. "ಯಾವಾಗ್ರಿ?"

ಇನ್ನೂ ಜೋರು ನಗು.

"ಜನವರಿ ಆದ್ಮೇಲೆ. ಅವಳಿಗೆ ರಜೆ ಮುಗಿದು ಕಾಲೇಜ್ ಶುರುವಾಗ್ಲಿ. ಲಾಯರ್ ಹತ್ರ ಮಾತಾಡಿದೀನಿ."

ಆ ಕಾಲದ ಸಿನಿಮಾಕ್ಕೆ ಈ ಕಾಲದ ಲಾಯರನ್ನು ತಂದದ್ದು ಎಲ್ಲರಿಗೂ ಬಹಳ ಹಿಡಿಸಿತು. ನನ್ನ ಪಕ್ಕದಲ್ಲಿದ್ದ ಬೆಕ್ಕಿನ ಮೀಸೆಯ ಹುಡುಗಿ ಅರ್ಥವಾಗದೆಯೇ ಚಪ್ಪಾಳೆ ತಟ್ಟಿದಳು.

"ಮನಿ?"

"ಮಾರೋಣ."

"ಆತು."

ಪರದೆಯ ಮೇಲೆ ಮುಕ್ತಾಯದ ಅಕ್ಷರಗಳು ಬಂದವು. ಯಾರೂ ದನಿ ಏರಿಸಿರಲಿಲ್ಲ. ಆ ಮಧ್ಯಾಹ್ನದ ಎಲ್ಲ ಮಾತುಗಳಲ್ಲಿ ಅತ್ಯಂತ ಸೌಜನ್ಯದ ಮಾತುಗಳು ಅವೇ ಆಗಿದ್ದವು. ಅನಘಾ ವೇದಿಕೆಯ ಅಂಚಿನಲ್ಲಿ ಲ್ಯಾಪ್‌ಟಾಪಿನ ಮುಂದೆ ನಿಂತಿದ್ದಳು. ರೆಕಾರ್ಡಿಂಗ್ ನಿಲ್ಲಿಸಲು ಎತ್ತಿದ ಬೆರಳು ಎತ್ತಿದ ಹಾಗೇ ಇತ್ತು.

ಅಧ್ಯಕ್ಷರು ಕಣ್ಣೊರೆಸಿಕೊಳ್ಳುತ್ತಾ ವೇದಿಕೆಗೆ ಬಂದರು. ನಕ್ಕು ಬಂದ ನೀರು. "ಏನ್ ಟೈಮಿಂಗ್, ಏನ್ ಟೈಮಿಂಗ್" ಎಂದರು. "ನಮಗೆಲ್ಲ ಮನೇಲಿ ಒಂದು ಡೈಲಾಗ್ ಹೊಡೆಯೋಕೆ ಧೈರ್ಯ ಇಲ್ಲ. ಇವರು ನೋಡಿ. ಗಿರೀಶ್, ವಸುಧಾ, ಹಾಗೇ ಇರಿ, ಇಳೀಬೇಡಿ, ನಿಮಗೊಂದು ಸರ್‌ಪ್ರೈಸ್ ಇದೆ."

ಪ್ರಶಸ್ತಿಯ ತೀರ್ಮಾನ ಒಂದು ತಿಂಗಳ ಹಿಂದೆಯೇ ಆಗಿತ್ತು. ಹೆಸರು ಗುಟ್ಟಾಗಿಟ್ಟಿದ್ದರಿಂದ ನನಗೂ ತಿಳಿದಿರಲಿಲ್ಲ. ಸಮಿತಿಯವರು ತಟ್ಟೆ ಹಿಡಿದು ಸಾಲಾಗಿ ಬಂದರು. ಗಿರೀಶ "ಬ್ಯಾಡ್ರಿ, ಯಾಕ್ರಿ" ಎಂದದ್ದನ್ನು ವಿನಯ ಎಂದುಕೊಂಡರು. ವಸುಧಾ ಶಾಲು ಹೊದೆಸಿಕೊಂಡರು. ಹಾರ ಬದಲಾಯಿಸಿಕೊಳ್ಳಿ ಎಂದಾಗ ಇಬ್ಬರೂ ಬದಲಾಯಿಸಿಕೊಂಡರು. ಇನ್ನೇನು ಮಾಡಬಹುದಿತ್ತು ಎಂದು ನೀವೇ ಹೇಳಿ.

ಗಿರೀಶರ ತಲೆಗೆ ಪೇಟ ಸಡಿಲವಾಗಿತ್ತು. ಹಾರ ಹಾಕಿಸಿಕೊಳ್ಳಲು ಬಾಗಿದಾಗ ಅದು ಕಣ್ಣಿನ ಮೇಲೆ ಜಾರಿತು. ವಸುಧಾ ಕೈ ಎತ್ತಿ, ಅದನ್ನು ನೇರ ಮಾಡಿ, ಮೇಲಿನಿಂದ ಒಮ್ಮೆ ಒತ್ತಿದರು. ಇಪ್ಪತ್ತೈದು ವರ್ಷಗಳ ರೂಢಿಯ ಕೈ, ಅದಕ್ಕೆ ಲಾಯರ ವಿಷಯ ಇನ್ನೂ ತಲುಪಿರಲಿಲ್ಲ. ಫೋಟೋದವನು ಕ್ಲಿಕ್ಕಿಸಿದ್ದು ಆ ಕ್ಷಣವನ್ನು. ನಾನು ಪತ್ರಿಕೆಯಲ್ಲಿ ಹಾಕಿದ್ದು ಅದೇ ಫೋಟೋ. ಅಡಿಬರಹದಲ್ಲಿ ಹೆಸರುಗಳನ್ನು ಎಡದಿಂದ ಬಲಕ್ಕೆ ಬರೆದೆ, ಅಷ್ಟೆ.

ಹೊರಗೆ ಪಾರ್ಕಿಂಗಿನಲ್ಲಿ ಅನಘಾ ಕಾರಿಗೆ ಒರಗಿ ನಿಂತಿದ್ದಳು. ಹಣ್ಣಿನ ಬುಟ್ಟಿ ಅವಳ ಕೈಯಲ್ಲಿತ್ತು. ಆ ಹೊತ್ತಿನಲ್ಲೂ ಯಾರೋ ಅದನ್ನು ಅವಳ ಕೈಗೇ ಕೊಟ್ಟಿದ್ದರು.

"ಡೈರೆಕ್ಟ್ ಆಗಿ ಮಾತಾಡಿದ್ರು, ಆಂಟಿ" ಎಂದಳು. "ನಾನು ಕೇಳಿದ್ದು ಅಷ್ಟೇ ಅಲ್ವಾ."

ನನ್ನ ಸಿದ್ಧಾಂತ ನಿಜವಾಗಿತ್ತು.

ಆ ಚಿತ್ರವನ್ನು ಅವಳು ಕ್ಲಾಸಿಗೆ ಒಪ್ಪಿಸಿದಳು. ಕನ್ನಡದ 'ಅವಳಿಗೆ ಹೇಳು', 'ಅವನಿಗೆ ಹೇಳು' ಎಲ್ಲಕ್ಕೂ ಇಂಗ್ಲಿಷಿನ ಅಡಿಬರಹ ಹಾಕಿದ್ದಳಂತೆ. ಕಿಟಕಿಯ ದೃಶ್ಯಕ್ಕೆ ಮಾತ್ರ 'ಸ್ಪಷ್ಟವಾಗಿ ಕೇಳಿಸುತ್ತಿಲ್ಲ' ಎಂದು ಹಾಕಿದಳಂತೆ. ಸಭೆಯ ನಗುವನ್ನು ಹಾಗೇ ಉಳಿಸಿದ್ದರಿಂದ ಆಸ್ಟಿನ್‌ನ ಹುಡುಗರೂ ಅಲ್ಲಿ ನಕ್ಕರಂತೆ. ಮೇಷ್ಟ್ರು ಮೆಚ್ಚಿಕೊಂಡರಂತೆ.

ಜನವರಿ ಬಂತು. ಮಾರ್ಚಿನಲ್ಲಿ ಮರ್ಫಿಯ ಮನೆಯ ಮುಂದೆ ಮಾರಾಟದ ಫಲಕ ನೆಟ್ಟರು. ಗಿರೀಶ ಕಂಪನಿಯಲ್ಲಿ ಕೇಳಿಕೊಂಡು ಹ್ಯೂಸ್ಟನ್‌ಗೆ ಶಿಫ್ಟ್ ಆದರು. ವಸುಧಾ ಅಲೆನ್‌ನಲ್ಲಿ, ನಮ್ಮ ಮನೆಯಿಂದ ಕಾರಿನಲ್ಲಿ ಹತ್ತು ನಿಮಿಷದ ದೂರದಲ್ಲಿ, ಅಪಾರ್ಟ್‌ಮೆಂಟ್ ಮಾಡಿದರು. ಪ್ಯಾಕ್ ಮಾಡುವ ದಿನ ನಾನು ಸಹಾಯಕ್ಕೆ ಹೋಗಿದ್ದೆ. ಒಂದು ಕಡೆ ಹ್ಯೂಸ್ಟನ್ನಿನ ಪೆಟ್ಟಿಗೆಗಳು, ಒಂದು ಕಡೆ ಅಲೆನ್ನಿನ ಪೆಟ್ಟಿಗೆಗಳು. ಬರಿದಾದ ಟೇಬಲ್ಲಿನ ಮೇಲೆ ಹೂದಾನಿ ಉಳಿಯಿತು.

"ಅವರೇ ಇಟ್ಕೊಳ್ಲಿ ಅಂತ ಹೇಳಿ" ಎಂದರು ವಸುಧಾ.

"ಅದು ಅವರ ತವರಿಂದು. ಅವರಿಗೇ ಇರ್ಲಿ ಅಂತ ಹೇಳ್ರಿ" ಎಂದರು ಗಿರೀಶ.

ಅನಘಾ ಆಗ ಅಲ್ಲಿರಲಿಲ್ಲ. ಟೇಬಲ್ಲು ಒಯ್ಯುವವರು ಬಾಗಿಲಲ್ಲಿ ನಿಂತಿದ್ದರು. ನಾನು ಹೂದಾನಿಯನ್ನು ಕೈಗೆತ್ತಿಕೊಂಡು ಕಾರಿನ ಹಿಂದಿನ ಸೀಟಿನಲ್ಲಿಟ್ಟೆ.

ಏಪ್ರಿಲ್‌ನಲ್ಲಿ ಅನಘಾ ತಮ್ಮ ಮೂವರ ಮನೆಯ ವಾಟ್ಸಾಪ್ ಗುಂಪಿಗೆ ಒಂದು ಸಾಲು ಬರೆದಳು, "ಇನ್ನು ಮೇಲೆ ನಾನು ಯಾರ ಮಾತನ್ನೂ ಯಾರಿಗೂ ಹೇಳೋದಿಲ್ಲ" ಎಂದು. ಬರೆದು ಗುಂಪಿನಿಂದ ಹೊರಗೆ ಬಂದಳು. ಆ ಗುಂಪಿನಲ್ಲಿ ಈಗ ಇಬ್ಬರೇ ಇದ್ದಾರೆ. ಅಲ್ಲಿಂದೀಚೆಗೆ ಅದರಲ್ಲಿ ಯಾರೂ ಏನೂ ಬರೆದಿಲ್ಲ ಎಂದು ವಸುಧಾ ನನಗೆ ಹೇಳಿದರು. ಗಿರೀಶರೂ ಫೋನು ಮಾಡಿ ಅದನ್ನೇ ಹೇಳಿದರು.

ಅವರಿಬ್ಬರೂ ಈಗ ನನಗೆ ಫೋನು ಮಾಡುತ್ತಾರೆ. ಹ್ಯೂಸ್ಟನ್ನಿನ ಮಾತು ಅಲೆನ್‌ಗೆ, ಅಲೆನ್ನಿನ ಮಾತು ಹ್ಯೂಸ್ಟನ್‌ಗೆ. ಇನ್ಶೂರೆನ್ಸ್ ಕಾಗದ, ಕಾರಿನ ಬೀಗದ ಕೈ, ಮೈಸೂರಿನ ಅತ್ತೆಯ ಕಾಯಿಲೆ. ಮಗಳ ವಿಷಯವೂ ನನ್ನ ಮೂಲಕವೇ, ಏಕೆಂದರೆ ಅವಳು ಇಬ್ಬರ ಫೋನನ್ನೂ ಎತ್ತುವುದು ಅಪರೂಪ. ನಮ್ಮವರು ಊಟಕ್ಕೆ ಕೂತಾಗ, "ದೆವ್ವದ ಆಫೀಸ್ ಎಷ್ಟೊತ್ತಿಗೆ ಮುಚ್ಚುತ್ತೆ?" ಎಂದು ಕೇಳುತ್ತಾರೆ. ಅಜ್ಜಿಯ ಹಾಗೆ ತಿದ್ದಿ ಹೇಳುವುದನ್ನು ಮೊದಲೆರಡು ವಾರ ಪ್ರಯತ್ನಿಸಿ ಬಿಟ್ಟೆ. ಅದಕ್ಕೆ ಒಂದೇ ಮನೆಯಲ್ಲಿ ಹೊಸ್ತಿಲ ಆಚೆ ಈಚೆ ಕೂತವರು ಬೇಕು, ಸಾರು ಬೇಕು.

ಥ್ಯಾಂಕ್ಸ್‌ಗಿವಿಂಗ್ ರಜೆ, ಮನೆಮಂದಿಯೆಲ್ಲ ಒಟ್ಟಿಗೆ ಕೂತು ಉಣ್ಣುವ ಹಬ್ಬ, ಮುಂದಿನ ವಾರ. ಮಗಳು ಯಾರ ಮನೆಗೆ ಬರುತ್ತಾಳೆ ಕೇಳಿ ಎಂದು ಸೋಮವಾರ ವಸುಧಾ ಹೇಳಿದರು. ಅದನ್ನೇ ಕೇಳ್ರಿ ಎಂದು ಮಂಗಳವಾರ ಗಿರೀಶ ಹೇಳಿದರು. ನಿನ್ನೆ ಅನಘಾಗೆ ಫೋನು ಮಾಡಿದೆ, ಎತ್ತಿದಳು. "ಎಲ್ಲಿಗೂ ಬರಲ್ಲ, ಆಂಟಿ. ಇಲ್ಲೇ ಇರ್ತೀನಿ" ಎಂದಳು. ಒಂದಕ್ಷರವನ್ನೂ ತಿದ್ದದೆ ಇಬ್ಬರಿಗೂ ತಿಳಿಸಿದ್ದೇನೆ.